ಹತ್ತು ಗಿನಿ ಬಹುಮಾನ, ಇಪ್ಪತ್ತೇಳು ವರ್ಷದ ದುಡಿಮೆ

ಕಸ್ಟಮರ್ ಕೇರ್‌ಗೆ ಫೋನ್ ಮಾಡಿದರೆ ಕನ್ನಡಕ್ಕೆ ಇಂಥ ಅಂಕಿ ಒತ್ತಿ, ಇಂಗ್ಲಿಷ್‌ಗೆ ಇಂಥದ್ದು ಒತ್ತಿ ಎನ್ನುವ ದನಿಯೊಂದು ಸಿಗುತ್ತದಲ್ಲ, ಅದರ ಮೇಲೆ ಸಿಟ್ಟು ಮಾಡಿಕೊಳ್ಳದವರು ನಮ್ಮಲ್ಲಿ ಯಾರೂ ಇಲ್ಲ. ಬಿ.ಕಾಂ. ಮುಗಿಸಿ ವಾಯ್ಸ್ ಪ್ರೊಸೆಸ್ ಕೆಲಸದ ಸಂದರ್ಶನಗಳಿಗೆ ಓಡಾಡುವ ದಿನಗಳಲ್ಲಿ ನನಗೆ ಆ ದನಿಯ ಬಗ್ಗೆ ಬೇರೆಯದೇ ಕುತೂಹಲ ಹುಟ್ಟಿತು. ದನಿಯನ್ನೇ ಅಳೆದು ಕೆಲಸ ಕೊಡುವ ಪದ್ಧತಿ ಯಾವಾಗ ಶುರುವಾಯಿತು? ಹುಡುಕುತ್ತಾ ಹೋದಾಗ ಸಿಕ್ಕವರು ಈಥೆಲ್ ಜೇನ್ ಕೇನ್. ಬ್ರಿಟನ್ನಿನಲ್ಲಿ ಒಂದು ಕಾಲಕ್ಕೆ ಮನೆಮಾತಾಗಿದ್ದ ಕಂಠ ಅವರದು. ಫೋನಿನಲ್ಲಿ ಸಮಯ ಹೇಳುತ್ತಿದ್ದ ಕಂಠ.

ಈಥೆಲ್ ಹುಟ್ಟಿದ್ದು 1909ರಲ್ಲಿ. ಲಂಡನ್ನಿನ ವಿಕ್ಟೋರಿಯಾ ಟೆಲಿಫೋನ್ ಎಕ್ಸ್‌ಚೇಂಜ್‌ನಲ್ಲಿ ಟೆಲಿಫೋನಿಸ್ಟ್ ಆಗಿದ್ದರು. ಆಗ ಬ್ರಿಟನ್ನಿನ ದೂರವಾಣಿ ವ್ಯವಸ್ಥೆ ಅಂಚೆ ಇಲಾಖೆಯ ಕೈಯಲ್ಲಿತ್ತು. ಕಿವಿಗೆ ಹೆಡ್‌ಸೆಟ್, ಎದುರಿಗೆ ಸಾಲುಸಾಲು ತೂತುಗಳ ಬೋರ್ಡ್, ಕೈಯಲ್ಲಿ ಹಗ್ಗದಂಥ ವೈರು. ಯಾರೋ ನಂಬರ್ ಕೇಳುತ್ತಾರೆ, ವೈರನ್ನು ಸರಿಯಾದ ತೂತಿಗೆ ಸಿಕ್ಕಿಸಬೇಕು. ದಿನವಿಡೀ ಇದೇ ಕೆಲಸ. ಸಾಲಾಗಿ ಕೂತವರು ಹೆಚ್ಚಾಗಿ ಯುವತಿಯರು.

ಹೊರಗಿನಿಂದ ನೋಡಿದರೆ ಸುಲಭದ ಕೆಲಸ. ಆದರೆ ಫೋನಿನ ತಂತಿ ಮನುಷ್ಯರ ದನಿಯನ್ನು ಪೂರ್ತಿಯಾಗಿ ಸಾಗಿಸುವುದಿಲ್ಲ. ತೀರಾ ಕೆಳಗಿನ ಮತ್ತು ತೀರಾ ಮೇಲಿನ ಸ್ವರಗಳನ್ನು ಕತ್ತರಿಸಿ ನಡುವಿನದ್ದನ್ನು ಮಾತ್ರ ಕಳಿಸುತ್ತದೆ. ಹೀಗಾಗಿ ಇಂಗ್ಲಿಷ್‌ನ ಫೈವ್ ಮತ್ತು ನೈನ್ ಫೋನಿನಲ್ಲಿ ಅಣ್ಣ ತಮ್ಮಂದಿರ ಹಾಗೆ ಕೇಳುತ್ತವೆ. ಎಸ್ ಮತ್ತು ಎಫ್ ಅಕ್ಷರಗಳ ಗೊಂದಲ ಇಂದಿಗೂ ಹೋಗಿಲ್ಲ. ಆಧಾರ್ ಜೋಡಣೆಗೆಂದು ಫೋನಿನಲ್ಲಿ ಇ-ಮೇಲ್ ವಿಳಾಸ ಹೇಳಿ ನೋಡಿ. ಅದಕ್ಕಾಗಿಯೇ ಟೆಲಿಫೋನಿಸ್ಟರಿಗೆ ಒಂದೊಂದು ಅಂಕಿಯನ್ನೂ ಹೇಗೆ ಉಚ್ಚರಿಸಬೇಕೆಂದು ತರಬೇತಿ ಕೊಡುತ್ತಿದ್ದರು. ಈಥೆಲ್ ಮುಂದೆ ಗೆದ್ದದ್ದು ದೇವರು ಕೊಟ್ಟ ಕಂಠದಿಂದ ಮಾತ್ರ ಎಂದು ನನಗೆ ಅನಿಸುವುದಿಲ್ಲ. ದಿನಕ್ಕೆ ನೂರಾರು ಸಲ ಅಂಕಿಗಳನ್ನು ಸ್ಪಷ್ಟವಾಗಿ ಹೇಳುವುದೇ ಅವರ ನೌಕರಿಯಾಗಿತ್ತು. ಒಂದು ಲೆಕ್ಕದಲ್ಲಿ ಅವರು ಪ್ರತಿದಿನ ತಾಲೀಮು ಮಾಡುತ್ತಿದ್ದರು, ಅದಕ್ಕೆ ಸಂಬಳವೂ ಬರುತ್ತಿತ್ತು.

ಆ ನೌಕರಿಗೊಂದು ಗಡಿಯೂ ಇತ್ತು. ಅಂದಿನ ಬ್ರಿಟನ್ನಿನ ಸರ್ಕಾರಿ ಸೇವೆಯಲ್ಲಿ ಹೆಣ್ಣುಮಗಳು ಮದುವೆಯಾದರೆ ಕೆಲಸ ಬಿಡಬೇಕಿತ್ತು. ಈ ನಿಯಮ ತೆಗೆದುಹಾಕಿದ್ದು 1946ರಲ್ಲಿ. ಎಕ್ಸ್‌ಚೇಂಜ್‌ನಲ್ಲಿ ಕೂತ ಯುವತಿಗೆ ಅದು ಬದುಕಿಡೀ ನಡೆಯುವ ವೃತ್ತಿ ಎಂಬ ಭರವಸೆ ಇರಲಿಲ್ಲ ಎನ್ನುವುದನ್ನು ನಾವು ನೆನಪಿಡಬೇಕು.

ಇನ್ನು ಸಮಯದ ವಿಷಯ. ಆಗಿನ ಗಡಿಯಾರಗಳು ಕೀಲಿ ಕೊಟ್ಟರೆ ನಡೆಯುವಂಥವು, ದಿನಕ್ಕೆ ಒಂದೆರಡು ನಿಮಿಷ ಹಿಂದೆ ಮುಂದೆ ಆಗುವುದು ಸಾಮಾನ್ಯ. ಜನ ಏನು ಮಾಡುತ್ತಿದ್ದರೆಂದರೆ, ಫೋನೆತ್ತಿ ಆಪರೇಟರನ್ನೇ ಗಂಟೆ ಎಷ್ಟು ಎಂದು ಕೇಳುತ್ತಿದ್ದರು. ಆಕೆ ಗೋಡೆಯ ಗಡಿಯಾರ ನೋಡಿ ಹೇಳಬೇಕು. ನಂಬರ್ ಜೋಡಿಸುವ ಕೆಲಸದ ನಡುವೆ ಇದೊಂದು ಉಪದ್ರವ. ಪ್ಯಾರಿಸ್ಸಿನಲ್ಲಿ ಇದೇ ತಾಪತ್ರಯ ಖಗೋಳ ವೀಕ್ಷಣಾಲಯಕ್ಕೆ ತಟ್ಟಿತ್ತು. ಜನ ಸಮಯ ಕೇಳಲು ಅಲ್ಲಿಗೇ ಫೋನ್ ಮಾಡಿ ಲೈನು ಸದಾ ಎಂಗೇಜ್ ಇರುತ್ತಿತ್ತಂತೆ. ಅದರ ನಿರ್ದೇಶಕ ಅರ್ನೆಸ್ಟ್ ಎಸ್ಕ್ಲಾಂಗೋ ಬೇಸತ್ತು ಮಾತಾಡುವ ಗಡಿಯಾರ ಮಾಡಿಸಿದರು. ಅದು 1933ರ ಫೆಬ್ರುವರಿ 14ರಂದು ಶುರುವಾಯಿತು. ದನಿ ಕೊಟ್ಟವರು ರೇಡಿಯೊ ಉದ್ಘೋಷಕ ಮಾರ್ಸೆಲ್ ಲಾಪೋರ್ಟ್. ಮೊದಲ ದಿನವೇ ಸುಮಾರು 1.40 ಲಕ್ಷ ಕರೆ ಬಂದು, ಉತ್ತರ ಸಿಕ್ಕಿದ್ದು ಸುಮಾರು 20 ಸಾವಿರ ಕರೆಗಳಿಗೆ ಮಾತ್ರ. ಫಲಿತಾಂಶದ ದಿನ ವೆಬ್‌ಸೈಟ್ ಕುಸಿಯುವುದು ಹೊಸ ಕಥೆಯೇನಲ್ಲ.

ಬ್ರಿಟನ್ ಕೂಡ ಅಂಥದ್ದೇ ಗಡಿಯಾರ ಮಾಡಲು ಹೊರಟಿತು. ಫ್ರೆಂಚರು ರೇಡಿಯೊ ಕಲಾವಿದನನ್ನು ಕರೆದರೆ, ಬ್ರಿಟಿಷ್ ಅಂಚೆ ಇಲಾಖೆ ತನ್ನದೇ ಟೆಲಿಫೋನಿಸ್ಟರ ನಡುವೆ ಸ್ಪರ್ಧೆ ಇಟ್ಟಿತು. ಅದರ ಹೆಸರು ಗೋಲ್ಡನ್ ವಾಯ್ಸ್. ದೇಶದಾದ್ಯಂತ ಇದ್ದ ಟೆಲಿಫೋನಿಸ್ಟರು ಸುಮಾರು 15 ಸಾವಿರ. ಸುತ್ತಿನ ಮೇಲೆ ಸುತ್ತು ಸೋಸಿ 1936ರ ಜೂನ್‌ನಲ್ಲಿ ನಡೆದ ಕೊನೆಯ ಸುತ್ತಿಗೆ ಉಳಿದದ್ದು ಒಂಬತ್ತು ಮಂದಿ.

ತೀರ್ಪುಗಾರರ ಪಟ್ಟಿ ನೋಡಿದಾಗ ನನಗೆ ನಗು ಬಂತು. ಫೋನಿನಲ್ಲಿ ಗಂಟೆ ಹೇಳುವ ಹುಡುಗಿಯನ್ನು ಆರಿಸಲು ಕೂತವರಲ್ಲಿ ಒಬ್ಬರು ದೇಶದ ಆಸ್ಥಾನಕವಿ ಜಾನ್ ಮೇಸ್‌ಫೀಲ್ಡ್. ಇನ್ನೊಬ್ಬರು ಸಿಬಿಲ್ ಥಾರ್ನ್‌ಡೈಕ್, ಬರ್ನಾರ್ಡ್ ಶಾ ಅವರ ಸೇಂಟ್ ಜೋನ್ ನಾಟಕ 1924ರಲ್ಲಿ ಲಂಡನ್ನಿನಲ್ಲಿ ಮೊದಲು ರಂಗಕ್ಕೆ ಬಂದಾಗ ಜೋನ್ ಆಗಿ ನಟಿಸಿದವರು. ಮತ್ತೊಬ್ಬರು ಬಿಬಿಸಿಯ ಹಿರಿಯ ಉದ್ಘೋಷಕ ಸ್ಟುವರ್ಟ್ ಹಿಬರ್ಡ್. ಅದೇ ವರ್ಷ ಜನವರಿಯಲ್ಲಿ ಐದನೇ ಜಾರ್ಜ್ ದೊರೆಯ ಕೊನೆಯ ಗಳಿಗೆಯ ಸುದ್ದಿಯನ್ನು ದೇಶಕ್ಕೆ ಮುಟ್ಟಿಸಿದ ದನಿ ಅವರದೇ. ಪತ್ರಿಕಾ ಮಾಲೀಕ ಲಾರ್ಡ್ ಇಲಿಫ್ ಕೂಡ ಇದ್ದರು. ಕವಿ, ನಟಿ, ಉದ್ಘೋಷಕ, ಪತ್ರಿಕೋದ್ಯಮಿ ಸೇರಿ ಆರಿಸಿದ್ದು ಎಕ್ಸ್‌ಚೇಂಜ್‌ನಿಂದ ಬಂದ, ಇಪ್ಪತ್ತೇಳರ ಆಸುಪಾಸಿನ ಈಥೆಲ್ ಅವರನ್ನು. ಪತ್ರಿಕೆಗಳು ಚಿನ್ನದ ಕಂಠದ ಹುಡುಗಿ ಎಂದು ಹೆಸರಿಟ್ಟು ಫೋಟೊ ಹಾಕಿದವು. ಬಹುಮಾನ ಹತ್ತು ಗಿನಿ. ಗಿನಿ ಎಂದರೆ 21 ಶಿಲಿಂಗ್. ಒಟ್ಟು ಹತ್ತೂವರೆ ಪೌಂಡ್.

ಸಂದರ್ಶನಗಳಲ್ಲಿ ಆಕ್ಸೆಂಟ್ ರೌಂಡ್ ಎಂಬುದನ್ನು ಎದುರಿಸಿದವರಿಗೆ ಇಲ್ಲಿ ಒಂದು ಪ್ರಶ್ನೆ ಏಳಬೇಕು. 15 ಸಾವಿರ ಮಂದಿಯಲ್ಲಿ ಗ್ಲ್ಯಾಸ್ಗೋ, ವೇಲ್ಸ್, ಯಾರ್ಕ್‌ಶೈರ್‌ನ ಹುಡುಗಿಯರೂ ಇದ್ದಿರಬೇಕಲ್ಲ? ಆದರೆ ಇಲಾಖೆಗೆ ಬೇಕಾಗಿದ್ದದ್ದು ಯಾವ ಊರಿನ ಗುರುತೂ ಇಲ್ಲದ ಇಂಗ್ಲಿಷ್. ಊರಿನ ಗುರುತಿಲ್ಲದ ಇಂಗ್ಲಿಷ್ ಎಂದರೆ ವಾಸ್ತವದಲ್ಲಿ ಲಂಡನ್ ಮತ್ತು ಬಿಬಿಸಿಯ, ಓದಿದವರ ಮನೆಯ ಇಂಗ್ಲಿಷ್. ಧಾರವಾಡದ ಅಥವಾ ಕಲಬುರಗಿಯ ಕನ್ನಡ ಆಡುವವರಿಗೆ ನ್ಯೂಟ್ರಲ್ ಆಗಿ ಮಾತಾಡಿ ಎಂದು ಹೇಳಿದಾಗ ಏನಾಗುತ್ತದೆ ಎಂಬುದು ಓದುಗರಿಗೆ ಗೊತ್ತು. ಈಥೆಲ್ ಗೆಲುವನ್ನು ನಾನು ಸಣ್ಣದು ಮಾಡುತ್ತಿಲ್ಲ. ಆ ಓಟದ ಗೆರೆಯನ್ನು ಎಲ್ಲರಿಗೂ ಒಂದೇ ಕಡೆ ಎಳೆದಿರಲಿಲ್ಲ ಅಷ್ಟೆ.

ಗೆದ್ದ ಮೇಲಿನ ಕೆಲಸ ನನಗೆ ಬಹಳ ಇಷ್ಟವಾದ ಭಾಗ. ಗಡಿಯಾರ ಹತ್ತು ಸೆಕೆಂಡಿಗೊಮ್ಮೆ ಒಂದು ಪೂರ್ತಿ ವಾಕ್ಯ ಹೇಳಬೇಕು: ಮೂರನೆಯ ಸದ್ದು ಬಿದ್ದಾಗ ಗಂಟೆ ಇಷ್ಟು, ನಿಮಿಷ ಇಷ್ಟು, ಸೆಕೆಂಡು ಇಷ್ಟು ಎಂದು. ಆಮೇಲೆ ಪಿಪ್, ಪಿಪ್, ಪಿಪ್ ಎಂಬ ಮೂರು ಸದ್ದು. ಹನ್ನೆರಡು ಗಂಟೆಯ ಚಕ್ರವನ್ನೇ ಲೆಕ್ಕ ಹಿಡಿದರೂ 4,320 ಬೇರೆ ಬೇರೆ ವಾಕ್ಯಗಳಾಗುತ್ತವೆ. ಅಷ್ಟನ್ನೂ ಯಾರೂ ಓದಿಸುವುದಿಲ್ಲ. ವಾಕ್ಯವನ್ನು ತುಂಡು ಮಾಡಿದರು. ಒಂದರಿಂದ ಹನ್ನೆರಡರವರೆಗಿನ ಗಂಟೆಗಳು 12. ಒಂದರಿಂದ ಐವತ್ತೊಂಬತ್ತರವರೆಗಿನ ನಿಮಿಷಗಳು 59. ಹತ್ತು, ಇಪ್ಪತ್ತು, ಮೂವತ್ತು, ನಲವತ್ತು, ಐವತ್ತು ಸೆಕೆಂಡುಗಳು 5. ಇವುಗಳ ಜೊತೆಗೆ ಶುರುವಿನ ಸಾಲು, ನಿಮಿಷವೇ ಇಲ್ಲದಾಗ ಹೇಳುವ ಓ'ಕ್ಲಾಕ್, ಸೆಕೆಂಡೇ ಇಲ್ಲದಾಗ ಹೇಳುವ ಪ್ರಿಸೈಸ್ಲಿ. ನಾನು ಬೆರಳೆಣಿಸಿ ಕೂಡಿದೆ, 79 ಬಂತು. ಎಂಬತ್ತಕ್ಕೂ ಕಡಿಮೆ ತುಂಡುಗಳಿಂದ ದಿನದ ಪ್ರತಿ ಹತ್ತು ಸೆಕೆಂಡಿಗೂ ಒಂದು ಹೊಸ ಮಾತು!

ಕಷ್ಟ ಇರುವುದು ಇಲ್ಲೇ. ನಾವು ಮಾತಾಡುವಾಗ ಪ್ರತಿ ಪದಕ್ಕೂ ವಾಕ್ಯದಲ್ಲಿ ಅದರ ಜಾಗ ನೋಡಿ ಏರಿಳಿತ ಕೊಡುತ್ತೇವೆ. ಕೊನೆಯ ಪದಕ್ಕೆ ದನಿ ಇಳಿಯುತ್ತದೆ, ನಡುವಿನದಕ್ಕೆ ಮುಂದೆ ಇನ್ನೂ ಇದೆ ಎಂಬಂತೆ ತೇಲುತ್ತದೆ. ಬಿಡಿ ತುಂಡುಗಳನ್ನು ಓದುವಾಗ ಆ ಮುಂದಿನದ್ದು ಕಣ್ಣೆದುರು ಇರುವುದಿಲ್ಲ. ಇಪ್ಪತ್ತೇಳು ಎಂದು ಹೇಳುವಾಗ ಅದರ ಹಿಂದೆ ಮೂರು ಗಂಟೆ ಬರಬಹುದು, ಹನ್ನೊಂದೂ ಬರಬಹುದು. ಮುಂದೆ ನಲವತ್ತು ಸೆಕೆಂಡು ಬರಬಹುದು, ಪ್ರಿಸೈಸ್ಲಿಯೂ ಬರಬಹುದು. ಯಾವುದರ ಪಕ್ಕ ಇಟ್ಟರೂ ಹೊಲಿಗೆ ಕಾಣಬಾರದು. ರೈಲು ನಿಲ್ದಾಣದ ಘೋಷಣೆ ಕೇಳಿ: ರೈಲಿನ ನಂಬರಿನ ಅಂಕಿಗಳು ಒಂದೊಂದೂ ಬೇರೆ ಬೇರೆ ಕೋಣೆಯಿಂದ ಬಂದ ಹಾಗಿರುತ್ತವೆ. ಈಥೆಲ್ ಅವರ ಹಳೆಯ ಧ್ವನಿಮುದ್ರಣ ಕೇಳಿದೆ. ಸ್ವಲ್ಪ ತೆಳುವಾದ, ಇಂದಿನ ಕಿವಿಗೆ ತುಸು ಬಿಗುಮಾನವೆನಿಸುವ ಕಂಠ. ಆದರೆ ಪದ ಪದವೂ ಬಿಡಿಸಿಟ್ಟ ಹಲಸಿನ ತೊಳೆಯ ಹಾಗೆ. ಅವಸರವಿಲ್ಲ, ಎಳೆದಾಟವೂ ಇಲ್ಲ.

ತುಂಡುಗಳನ್ನು ಜೋಡಿಸುವ ಯಂತ್ರವನ್ನು ರೂಪಿಸಿದ್ದು ಲಂಡನ್ನಿನ ಡಾಲಿಸ್ ಹಿಲ್‌ನಲ್ಲಿದ್ದ ಅಂಚೆ ಇಲಾಖೆಯ ಸಂಶೋಧನಾ ಕೇಂದ್ರ. (ಇದೇ ಕೇಂದ್ರದ ಟಾಮಿ ಫ್ಲವರ್ಸ್ ಮುಂದೆ ಯುದ್ಧಕಾಲದಲ್ಲಿ ಜರ್ಮನ್ನರ ಗುಪ್ತ ಸಂಕೇತ ಒಡೆಯುವ ಕೊಲೊಸಸ್ ಯಂತ್ರ ಕಟ್ಟಿದರು. ಎಂಜಿನಿಯರಿಂಗ್ ಓದುವವರು ಬಿಡುವಾದಾಗ ಅವರ ಕಥೆಯನ್ನೂ ಹುಡುಕಿ ಓದಿ.) ಆಗ ಕಂಪ್ಯೂಟರ್ ಇಲ್ಲ, ಪದೇ ಪದೇ ತಿರುಗಿಸಿದರೆ ಗ್ರಾಮಾಫೋನ್ ತಟ್ಟೆ ಸವೆದುಹೋಗುತ್ತದೆ. ಹಾಗಾಗಿ ಮಾತಾಡುವ ಸಿನಿಮಾದ ತಂತ್ರವನ್ನೇ ಎರವಲು ಪಡೆದರು. ದನಿಯನ್ನು ಗಾಜಿನ ನಾಲ್ಕು ತಟ್ಟೆಗಳ ಮೇಲೆ ಫೋಟೊದಂತೆ ಉಂಗುರ ಉಂಗುರವಾಗಿ ಮೂಡಿಸಿದರು. ತಟ್ಟೆ ತಿರುಗುವಾಗ ಬೆಳಕಿನ ಕಿರಣ ಅದರ ಮೂಲಕ ಹಾದು ಫೋಟೊ ಸೆಲ್ ಮೇಲೆ ಬೀಳುತ್ತದೆ. ಉಂಗುರದ ಮಸುಕು ಮತ್ತು ಹೊಳಪಿಗೆ ತಕ್ಕಂತೆ ಬೆಳಕು ಏರಿಳಿಯುತ್ತದೆ, ವಿದ್ಯುತ್ತೂ ಏರಿಳಿಯುತ್ತದೆ, ಅದೇ ದನಿಯಾಗುತ್ತದೆ. ಬೆಳಕಿನ ಕಿರಣ ಯಾವ ಗಂಟೆಯ, ಯಾವ ನಿಮಿಷದ ಉಂಗುರಕ್ಕೆ ಸರಿಯಬೇಕು ಎಂಬುದನ್ನು ಯಂತ್ರದ ಹಲ್ಲುಚಕ್ರಗಳು ನೋಡಿಕೊಳ್ಳುತ್ತಿದ್ದವು. ಸೂಜಿ ತಾಗುವುದಿಲ್ಲ, ಹಾಗಾಗಿ ಸವೆತವಿಲ್ಲ. ಗ್ರೀನಿಚ್ ವೀಕ್ಷಣಾಲಯದ ಸಂಕೇತದೊಂದಿಗೆ ಗಂಟೆಗೊಮ್ಮೆ ತಾಳೆ ನೋಡಿ, ಸೆಕೆಂಡಿನ ಹತ್ತನೇ ಒಂದು ಭಾಗದಷ್ಟು ನಿಖರತೆ ಕಾಪಾಡಿಕೊಳ್ಳುತ್ತಿದ್ದರು.

ಸೇವೆ ಶುರುವಾದದ್ದು 1936ರ ಜುಲೈ 24ರಂದು. ಮೊದಲಿಗೆ ಲಂಡನ್ ಪ್ರದೇಶಕ್ಕೆ ಮಾತ್ರ. ಆಗ ಡಯಲ್‌ನ ಅಂಕಿಗಳ ಪಕ್ಕ ಅಕ್ಷರಗಳೂ ಇರುತ್ತಿದ್ದವು. ಟೈಮ್ ಎಂಬ ಇಂಗ್ಲಿಷ್ ಪದದ ಮೊದಲ ಮೂರು ಅಕ್ಷರ ತಿರುಗಿಸಬೇಕು, ಅಂದರೆ 846. ಹಾಗಾಗಿ ಆ ಸೇವೆಗೆ ಟಿಮ್ ಎಂಬ ಅಡ್ಡಹೆಸರೇ ನಿಂತಿತು. ಹೆಣ್ಣುದನಿ, ಹೆಸರು ಮಾತ್ರ ಗಂಡಸಿನದು!

ಮೊದಲ ವರ್ಷದಲ್ಲೇ ಬಂದ ಕರೆಗಳು ಹತ್ತಿರ ಹತ್ತಿರ 1.3 ಕೋಟಿ. ಭಾಗಿಸಿ ನೋಡಿದರೆ ದಿನಕ್ಕೆ 35 ಸಾವಿರಕ್ಕೂ ಹೆಚ್ಚು. ಹಗಲು ರಾತ್ರಿ ಬಿಡದೆ ಪ್ರತಿ ನಿಮಿಷಕ್ಕೆ ಸರಾಸರಿ 25ರ ಹತ್ತಿರ. ಕರೆ ಪುಕ್ಕಟೆಯಲ್ಲ, ಸ್ಥಳೀಯ ಕರೆಯ ದರ ತೆರಬೇಕಿತ್ತು. 1942ರ ಹೊತ್ತಿಗೆ, ಯುದ್ಧದ ನಡುವೆಯೇ, ಸೇವೆ ಇಡೀ ದೇಶಕ್ಕೆ ಹಬ್ಬಿತು. ಯಾರೋ ಮಲಗಿದ್ದಾಗ, ಯಾರೋ ಪಾಳಿಗೆ ಹೊರಡುವಾಗ, ಯಾರೋ ಆಸ್ಪತ್ರೆಯಿಂದ ಸುದ್ದಿಗೆ ಕಾಯುವಾಗ ಈಥೆಲ್ ಒಂದೇ ಹದದಲ್ಲಿ ಸಮಯ ಹೇಳುತ್ತಲೇ ಇದ್ದರು.

ಈಗ ಕೊಂಚ ಲೆಕ್ಕ ಹಾಕೋಣ, ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗೆ ಅಭ್ಯಾಸವೂ ಆದೀತು. ಹತ್ತು ಸೆಕೆಂಡಿಗೊಂದು ವಾಕ್ಯ ಎಂದರೆ ದಿನಕ್ಕೆ 8,640. ಅವರ ದನಿ ಬಳಕೆಯಲ್ಲಿದ್ದದ್ದು 1936ರಿಂದ 1963ರವರೆಗೆ, 27 ವರ್ಷ. ಯಂತ್ರ ಒಟ್ಟು ಹೇಳಿದ ವಾಕ್ಯಗಳು 8 ಕೋಟಿಗೂ ಮಿಕ್ಕಿ. ಕೇಳಿದವರು ಎಷ್ಟು ಮಂದಿಯೋ, ಬಹುಮಾನ ಮಾತ್ರ ಒಂದೇ ಸಲದ ಹತ್ತು ಗಿನಿ.

ಇದು ಮೋಸವೇ? ನಾನು ಇದನ್ನು ಗೆಳೆಯರ ಮುಂದಿಟ್ಟಾಗ ಎರಡು ಪಂಗಡವಾಯಿತು. ಅವರು ಒಪ್ಪಿಯೇ ಸ್ಪರ್ಧೆಗೆ ಹೋದರು, ಹೆಸರು ಬಂತು, ಇಲಾಖೆಯ ನೌಕರಳಾಗಿ ಇಲಾಖೆಗೆ ಕೆಲಸ ಮಾಡಿದರು, ಇದರಲ್ಲಿ ತಪ್ಪೇನು ಎಂದು ಒಂದು ಪಂಗಡ. ಬಾವಿ ತೋಡಿದವನಿಗೆ ಒಂದು ದಿನದ ಕೂಲಿ ಕೊಟ್ಟು, 27 ವರ್ಷ ಅದರ ನೀರು ಮಾರಿದ ಹಾಗೆ ಎಂದು ಇನ್ನೊಂದು. ನನ್ನ ಒಲವು ಎರಡನೆಯದರ ಕಡೆಗೆ, ಆದರೆ ಪೂರ್ತಿಯಲ್ಲ. 1936ರಲ್ಲಿ ಒಮ್ಮೆ ಹೇಳಿದ ಮಾತನ್ನು ಯಂತ್ರ ಇಷ್ಟು ವರ್ಷ ಹೇಳುತ್ತದೆ ಎಂಬ ಅನುಭವವೇ ಯಾರಿಗೂ ಇರಲಿಲ್ಲ. ಅದಕ್ಕೆ ಬೆಲೆ ಕಟ್ಟಲು ತಕ್ಕಡಿಯೇ ಇನ್ನೂ ತಯಾರಾಗಿರಲಿಲ್ಲ. ಅನುಭವ ಬಂದ ಮೇಲೂ ತಕ್ಕಡಿ ತಯಾರಾಗದಿದ್ದರೆ ಮಾತ್ರ ಅದನ್ನು ಮೋಸ ಎನ್ನಬೇಕು.

ತಯಾರಾಯಿತೇ? ಅಮೆರಿಕದ ಅಟ್ಲಾಂಟಾದ ಗಾಯಕಿ ಸೂಸನ್ ಬೆನೆಟ್ 2005ರ ಜುಲೈನಲ್ಲಿ ಒಂದು ತಿಂಗಳು ಕೂತು ಅರ್ಥವೇ ಇಲ್ಲದಂಥ ವಾಕ್ಯಗಳನ್ನು ಓದಿ ರೆಕಾರ್ಡ್ ಮಾಡಿಸಿದ್ದರು. 2011ರಲ್ಲಿ ಐಫೋನ್‌ನಲ್ಲಿ ಸಿರಿ ಮಾತಾಡತೊಡಗಿದಾಗ ಅದು ತಮ್ಮದೇ ದನಿ ಎಂದು ಅವರಿಗೆ ಗೊತ್ತಾಯಿತು. 2013ರಲ್ಲಿ ಹೊರಗೆ ಹೇಳಿಕೊಂಡರು. ಆಪಲ್ ಅದನ್ನು ಅಧಿಕೃತವಾಗಿ ಒಪ್ಪಿಕೊಂಡಿಲ್ಲ. ಈಥೆಲ್ ಅವರಿಗಾದರೋ ಯಂತ್ರ ಹೇಳಬೇಕಾದ ಅಷ್ಟೂ ಮಾತನ್ನು ಸ್ವತಃ ಹೇಳಿದ ಸಮಾಧಾನವಿತ್ತು; 79 ತುಂಡಿನ ಆಚೆ ಅವರ ಬಾಯಿಂದ ಬೇರೇನನ್ನೂ ಹೇಳಿಸಲು ಆಗುತ್ತಿರಲಿಲ್ಲ. ಇಂದು ಕೆಲವು ನಿಮಿಷದ ಮಾದರಿ ಸಿಕ್ಕರೆ ಸಾಕು, ನಾವು ಎಂದೂ ಆಡದ ಮಾತನ್ನು ನಮ್ಮ ಕಂಠದಲ್ಲಿ ಆಡಿಸಬಹುದು. ನಮ್ಮ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಮನೆಯಲ್ಲೇ ಕೂತು ಕನ್ನಡ ವಾಕ್ಯ ಓದಿ ಹಣ ಗಳಿಸಿ ಎಂಬ ಜಾಹೀರಾತು ಬಂದಾಗ ನಾನು ಈಗ ದರ ನೋಡುವ ಮೊದಲು ದನಿಯನ್ನು ಎಷ್ಟು ವರ್ಷ, ಯಾತಕ್ಕೆ ಬಳಸುತ್ತಾರೆ ಎಂಬ ಸಾಲು ಹುಡುಕುತ್ತೇನೆ. ಹೆಚ್ಚಿನ ಬಾರಿ ಆ ಸಾಲು ಇರುವುದೇ ಇಲ್ಲ.

ಈಥೆಲ್ ಗೆಲುವಿನಲ್ಲಿ ಇನ್ನೊಂದು ವಿಪರ್ಯಾಸವಿದೆ, ಅದನ್ನು ಹೇಳದೆ ಮುಂದೆ ಹೋಗಲಾರೆ. ಈ ಗಡಿಯಾರವನ್ನು ಇಟ್ಟದ್ದು ಹೋಬರ್ನ್ ಎಕ್ಸ್‌ಚೇಂಜ್‌ನಲ್ಲಿ. 1927ರಲ್ಲಿ ಲಂಡನ್ನಿನ ಹೊಸ ಬಗೆಯ ಸ್ವಯಂಚಾಲಿತ ಎಕ್ಸ್‌ಚೇಂಜ್ ಮೊದಲು ಶುರುವಾದದ್ದು ಅಲ್ಲೇ. ಚಂದಾದಾರರು ತಾವೇ ಡಯಲ್ ತಿರುಗಿಸಿದರೆ ಸಾಕು, ವೈರು ಸಿಕ್ಕಿಸುವ ಹುಡುಗಿ ಬೇಡ. ನಂಬರ್ ಜೋಡಿಸುವ ಕೆಲಸ ಮೊದಲು ಯಂತ್ರಕ್ಕೆ ಹೋಯಿತು, ಆಮೇಲೆ ಸಮಯ ಹೇಳುವ ಕೆಲಸವೂ ಹೋಯಿತು. ಎರಡನೆಯದು ಹೋದದ್ದು ಒಬ್ಬ ಟೆಲಿಫೋನಿಸ್ಟ್‌ಳ ಕಂಠವನ್ನೇ ತೆಗೆದುಕೊಂಡು. ಎಕ್ಸ್‌ಚೇಂಜ್‌ನ ಸಹೋದ್ಯೋಗಿಗಳಿಗೆ ಸಮಯ ಕೇಳುವವರ ಕಾಟ ತಪ್ಪಿ ಖುಷಿಯೇ ಆಗಿರಬೇಕು. ಬೋರ್ಡುಗಳು ಒಂದೊಂದಾಗಿ ಖಾಲಿಯಾಗಲು ಇನ್ನೂ ಹಲವು ವರ್ಷ ಬೇಕಿತ್ತು.

ಈಥೆಲ್ ಅಲ್ಲೇ ಕೂರಲಿಲ್ಲ. ಜೇನ್ ಕೇನ್ ಎಂಬ ಹೆಸರಿನಲ್ಲಿ ನಟನೆಗೆ ಇಳಿದರು. ಕೋಟ್ಯಂತರ ಬಾರಿ ಕೇಳಿಸಿದ ಕಂಠಕ್ಕೆ ಸಿಕ್ಕಷ್ಟು ಪ್ರಸಿದ್ಧಿ ನಟಿಯ ಮುಖಕ್ಕೆ ಸಿಗಲಿಲ್ಲ. ಅವರ ಹೆಸರು ಕೊನೆಯವರೆಗೂ ಗಡಿಯಾರದ ಜೊತೆಗೇ ಅಂಟಿಕೊಂಡಿತ್ತು. ಹಾಗೆಂದು ಅವರ ನಟನೆಯನ್ನು ಸೋಲು ಎಂದು ಬರೆಯಲು ನನಗೆ ಮನಸ್ಸಿಲ್ಲ. ಸ್ವಿಚ್‌ಬೋರ್ಡ್‌ನಿಂದ ಎದ್ದು ಬಣ್ಣ ಹಚ್ಚಿಕೊಳ್ಳುವ ಧೈರ್ಯವನ್ನು ಒಂದು ಸ್ಪರ್ಧೆ ಕೊಟ್ಟಿತಲ್ಲ, ಹತ್ತು ಗಿನಿಯಲ್ಲಿ ಅದನ್ನು ಸೇರಿಸಿ ಎಣಿಸಬೇಕೇನೋ.

1963ರಲ್ಲಿ ಹೊಸ ಯಂತ್ರ ಬಂತು, ಅದರೊಂದಿಗೆ ಹೊಸ ದನಿ. ಲಂಡನ್ ಎಕ್ಸ್‌ಚೇಂಜ್‌ನ ಮೇಲ್ವಿಚಾರಕಿ ಪ್ಯಾಟ್ ಸಿಮನ್ಸ್ ಆ ಜಾಗಕ್ಕೆ ಬಂದು 1985ರವರೆಗೆ ಸಮಯ ಹೇಳಿದರು. 1985ರ ಏಪ್ರಿಲ್‌ನಲ್ಲಿ ಬ್ರಯಾನ್ ಕಾಬಿ, ಬ್ರಿಟನ್ನಿನ ಮಾತಾಡುವ ಗಡಿಯಾರಕ್ಕೆ ಮೊದಲ ಗಂಡುದನಿ. ಅವರು ಮೊದಲು ನಟ, ಆಮೇಲೆ ಬ್ರೈಟನ್ನಿನಲ್ಲಿ ಟೆಲಿಫೋನಿಸ್ಟ್ ಆದವರು. ಈಥೆಲ್ ಹತ್ತಿದ ಮೆಟ್ಟಿಲನ್ನೇ ಅವರು ಮೇಲಿನಿಂದ ಇಳಿದು ಬಂದಿದ್ದರು. ಕೆಲಸ ಹುಡುಕುವ ನಮ್ಮಂಥವರಿಗೆ ಯಾವ ದಿಕ್ಕಿನದು ಬಡ್ತಿ, ಯಾವುದು ಹಿಂಬಡ್ತಿ ಎಂದು ಹೇಳುವುದು ಕಷ್ಟವೇ.

ಹಳೆಯ ಯಂತ್ರಗಳಲ್ಲಿ ಒಂದು ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ಶೈರ್‌ನ ಅಪ್ಟನ್ ಹಾಲ್‌ನಲ್ಲಿರುವ ಗಡಿಯಾರಗಳ ವಸ್ತುಸಂಗ್ರಹಾಲಯ ಸೇರಿತು. ಈಥೆಲ್ ಜೇನ್ ಕೇನ್ 1996ರಲ್ಲಿ ತೀರಿಕೊಂಡರು. ಆ ದಿನ ಬ್ರಿಟನ್ನಿನಲ್ಲಿ ಯಾರಾದರೂ ಫೋನೆತ್ತಿ ಸಮಯ ಕೇಳಿದ್ದರೆ ಬ್ರಯಾನ್ ಕಾಬಿಯವರ ದನಿ ಕೇಳಿಸುತ್ತಿತ್ತು. ವಾಕ್ಯದ ಶುರುವಿನ ಮಾತು ಮಾತ್ರ ಈಥೆಲ್ 1936ರಲ್ಲಿ ಮೊದಲು ಓದಿದ್ದೇ. ಕೊನೆಗೆ ಅದೇ ಮೂರು ಪಿಪ್.